ಗರಗಸಕ್ಕೊಂದು ಹಳಿ

ಹರಿಹರಕ್ಕೂ ಕಡೆಯುವ ಕಸುಬಿಗೂ ಹಳೆಯ ನಂಟು. ಹೊಯ್ಸಳ ದೊರೆ ಇಮ್ಮಡಿ ನರಸಿಂಹನ ದಂಡನಾಯಕ ಪೋಲಾಳ್ವ 1224ರಲ್ಲಿ ಕಟ್ಟಿಸಿದ ಹರಿಹರೇಶ್ವರ ದೇಗುಲದ ಮಂಟಪದಲ್ಲಿ ತಿರುಗಣೆಗೆ ಕೊಟ್ಟು ಕಡೆದ ಕಂಬಗಳು ಇಂದಿಗೂ ನುಣುಪಾಗಿ ನಿಂತಿವೆ. ಏಳು ಶತಮಾನಗಳ ಬಳಿಕ, 1941ರಲ್ಲಿ, ಇದೇ ಊರಿನಲ್ಲಿ ಮೈಸೂರು ಕಿರ್ಲೋಸ್ಕರ್ ಕಾರ್ಖಾನೆ ಹುಟ್ಟಿತು. ಅಲ್ಲಿ ತಯಾರಾದ ಲೇತ್‌ಗಳು ದೇಶದ ನಾನಾ ಕಡೆಯ ವರ್ಕ್‌ಶಾಪ್‌ಗಳನ್ನು ಸೇರಿದವು. ಕಾರ್ಖಾನೆ ಈಗಿಲ್ಲ. ಆದರೆ ಆ ಯಂತ್ರಗಳ ಒಳಗಿದ್ದ ಒಂದು ತತ್ವ ಈಗ ಮರಗೆಲಸದವರ ಕೈಗೆ ಬರುತ್ತಿದೆ.

ಲೇತ್‌ನ ಜೀವ ಇರುವುದು ಅದರ ಹಾಸಿನಲ್ಲಿ. ಎರಕದ ಕಬ್ಬಿಣದ ಹಾಸಿನ ಮೇಲೆ ನೇರವಾಗಿ ಮಾಡಿದ ಹಳಿಗಳಿರುತ್ತವೆ. ಉಳಿ ಕಚ್ಚಿಕೊಂಡ ಭಾಗ ಆ ಹಳಿಗುಂಟವೇ ಸರಿಯಬೇಕು, ಆಚೀಚೆ ಅಲುಗಲು ಎಡೆಯಿಲ್ಲ. ಎಷ್ಟು ವೇಗವಾಗಿ ಸಾಗಬೇಕು ಎಂಬುದು ಕೆಲಸಗಾರನ ಕೈಯಲ್ಲಿದೆ, ಯಾವ ದಾರಿಯಲ್ಲಿ ಎಂಬುದನ್ನು ಹಳಿ ಮೊದಲೇ ಗೊತ್ತುಮಾಡಿರುತ್ತದೆ.

ಹರಿಹರದಿಂದ ಸುಮಾರು 14 ಕಿ.ಮೀ. ದೂರದ ದಾವಣಗೆರೆಯ ಹೊಸ ಮನೆಗಳಲ್ಲಿ ಬೀರು, ಅಡುಗೆಮನೆಯ ಕಪಾಟುಗಳಿಗೆ ಬಳಕೆಯಾಗುವುದು ಹೆಚ್ಚಾಗಿ ಪ್ಲೈವುಡ್. ಒಂದು ಹಾಳೆ 8 ಅಡಿ ಉದ್ದ, 4 ಅಡಿ ಅಗಲ. ದಾರ ಹೊಡೆದು ಗೆರೆ ಎಳೆದು, ಗೆರೆಯ ಮೇಲೆ ಕಣ್ಣಿಟ್ಟು ಬರಿಗೈಯಲ್ಲಿ ವಿದ್ಯುತ್ ಗರಗಸ ಓಡಿಸಿದರೆ 8 ಅಡಿಯ ಓಟದಲ್ಲಿ ಒಂದೆರಡು ಮಿಲಿಮೀಟರ್ ಬಾಗು ಬಂದೇ ಬರುತ್ತದೆ. ಅಷ್ಟೇ ಸಾಕು, ಬೀರುವಿನ ಎರಡು ಬಾಗಿಲು ಕೂಡುವಲ್ಲಿ ಸಂದು ಎದ್ದು ಕಾಣುತ್ತದೆ.

ಇದಕ್ಕೆ ಮದ್ದು, ಲೇತ್‌ನ ಹಳಿಯಂತೆಯೇ ಗರಗಸದ ದಾರಿಯನ್ನು ಮೊದಲೇ ಗೊತ್ತುಮಾಡುವ ಗೈಡ್ ರೈಲ್. ಜರ್ಮನಿಯ ಫೆಸ್ಟೊ ಕಂಪನಿ 1960ರ ದಶಕದಲ್ಲಿ ಬಳಕೆಗೆ ತಂದ ಈ ಅಲ್ಯೂಮಿನಿಯಂ ಪಟ್ಟಿಯ ಮೇಲೆ ಒಂದು ಏಣು ಇರುತ್ತದೆ. ಗರಗಸದ ಅಡಿಪಟ್ಟಿಯ ತೋಡು ಅದರ ಮೇಲೆ ಕೂರುತ್ತದೆ. ದುಬಾರಿಯೆನಿಸಿದರೆ ಬಡಗಿಯೇ ಮಾಡಿಕೊಳ್ಳಬಹುದು. 6 ಮಿ.ಮೀ. ಪ್ಲೈ ತುಂಡಿನ ಮೇಲೆ ಕಾರ್ಖಾನೆಯ ನೇರ ಅಂಚಿರುವ ಪಟ್ಟಿಯನ್ನು ಅಂಟಿಸಿ, ಆ ಅಂಚಿಗೆ ಗರಗಸ ಒತ್ತಿ ಒಮ್ಮೆ ಓಡಿಸಬೇಕು. ಕೆಳಗಿನ ತುಂಡಿನ ಹೆಚ್ಚಿನ ಭಾಗ ಕತ್ತರಿಸಿಹೋಗಿ ಉಳಿಯುವ ಅಂಚೇ ಬ್ಲೇಡ್ ಸಾಗುವ ಗೆರೆ. ಮುಂದೆ ಆ ಅಂಚನ್ನು ಗುರುತಿಗೆ ಕೂರಿಸಿದರಾಯಿತು, ಲೆಕ್ಕ ಹಾಕುವ ಗೋಜಿಲ್ಲ. ಬ್ಲೇಡ್ ತಿನ್ನುವ ಎರಡು ಮೂರು ಮಿಲಿಮೀಟರ್ ಮಾತ್ರ ಬೇಡದ ತುಂಡಿನ ಕಡೆಗೆ ಬೀಳಬೇಕು.

ಹಳಿ ಎಷ್ಟೇ ನೇರವಿರಲಿ, ಬಿಗಿ ಸರಿಯಿಲ್ಲದಿದ್ದರೆ ಕೆಲಸ ಕೆಟ್ಟಿತು. ರೈಲ್ ಅಡಿಯ ರಬ್ಬರ್ ಪಟ್ಟಿ ಜಾರುವುದನ್ನು ತಡೆಯುತ್ತದೆ ನಿಜ, ಆದರೆ ಮೈಕಾ ಹಚ್ಚಿದ ನುಣುಪು ಹಾಳೆಯ ಮೇಲೆ, ಅದೂ ಧೂಳು ಕೂತಿದ್ದರೆ, ಅದನ್ನೊಂದನ್ನೇ ನಂಬುವಂತಿಲ್ಲ. ಎರಡು ತುದಿಗೂ ಕ್ಲಾಂಪ್ ಬೇಕು. ಬಿಗಿಯುವ ಮುಂಚೆ ಹಾಳೆಯ ಅಂಚಿನಿಂದ ಎರಡೂ ತುದಿಯಲ್ಲಿ ಅಳೆಯಬೇಕು, ಬಿಗಿದ ಮೇಲೆ ಮತ್ತೊಮ್ಮೆ, ಏಕೆಂದರೆ ತಿರುಪು ತಿರುಗುವಾಗ ಪಟ್ಟಿ ಕೂದಲೆಳೆಯಷ್ಟು ಸರಿದುಬಿಡುತ್ತದೆ. ಮನೆಯಲ್ಲಿ ಮಾಡಿದ ತೆಳು ಪಟ್ಟಿಯಾದರೆ ನಡುವೆ ಬಾಗುತ್ತದೆಯೇ ಎಂದೂ ನೋಡಬೇಕು. ಕ್ಲಾಂಪಿನ ಹಿಡಿ ಮೋಟಾರಿಗೆ ತಾಗದಂತಿರಬೇಕು. ಇದನ್ನು ತಿಳಿಯಲು ಸ್ವಿಚ್ ಹಾಕದೆ ಗರಗಸವನ್ನು ಒಮ್ಮೆ ತುದಿಯಿಂದ ತುದಿಗೆ ಸರಿಸುವುದೇ ದಾರಿ. 8 ಅಡಿ ಹಾಳೆಗೆ 9 ಅಡಿಯ ಹಳಿ ಅನುಕೂಲ. ಆಗ ಬ್ಲೇಡ್ ಮರ ಮುಟ್ಟುವ ಮೊದಲೇ ಗರಗಸ ಹಳಿಯ ಮೇಲೆ ನೆಲೆಯಾಗಿರುತ್ತದೆ.

ಈ ಬಿಗಿಯಿಂದ ಅಂದವಷ್ಟೇ ಅಲ್ಲ, ಬೆರಳೂ ಉಳಿಯುತ್ತದೆ. ಕೈ ಓರೆಯಾಗಿ ಬ್ಲೇಡ್ ಸೀಳಿನೊಳಗೆ ತಿರುಚಿಕೊಂಡರೆ, ಇಲ್ಲವೇ ಸೀಳು ಮುಚ್ಚಿಕೊಂಡು ಬ್ಲೇಡನ್ನು ಕಚ್ಚಿದರೆ, ಗರಗಸ ಹಿಡಿದವನ ಕಡೆಗೇ ಚಿಮ್ಮುತ್ತದೆ. ಹಳಿ ಮೊದಲ ಅಪಾಯವನ್ನು ತಡೆಯುತ್ತದೆ. ಎರಡನೆಯದಕ್ಕೆ ಹಾಳೆಯ ಅಡಿಯಲ್ಲಿ ಸೀಳಿನ ಎರಡೂ ಬದಿಗೆ ರೀಪು ಕೊಡಬೇಕು. ಬ್ಲೇಡ್ ಹಾಳೆಯಿಂದ ಐದಾರು ಮಿಲಿಮೀಟರ್ ಮಾತ್ರ ಕೆಳಗಿಳಿದರೆ ಸಾಕು. ಹಲ್ಲುಗಳು ಕೆಳಗಿನಿಂದ ಮೇಲಕ್ಕೆ ಕೊಯ್ಯುವುದರಿಂದ ಸಿಬಿರು ಏಳುವುದು ಮೇಲ್ಮೈಯಲ್ಲಿ. ಆದ್ದರಿಂದ ಅಂಚನ್ನು ಒತ್ತಿಹಿಡಿಯುವ ರಬ್ಬರ್ ಇಲ್ಲದಿದ್ದರೆ ಚಂದದ ಮುಖವನ್ನು ಕೆಳಗೆ ಮಾಡಿ ಕೊಯ್ಯುವುದು ಒಳ್ಳೆಯದು.

ರಾಜ್ಯದ ಬೇರೆಡೆಯಂತೆ ಇಲ್ಲೂ ಕಲ್ಲು ಕತ್ತರಿಸುವ ಮಾರ್ಬಲ್ ಕಟರ್‌ಗೆ ಹಲ್ಲಿನ ಬ್ಲೇಡ್ ಹಾಕಿ ಮರ ಕೊಯ್ಯುವ ರೂಢಿಯಿದೆ. ನಿಮಿಷಕ್ಕೆ 12 ಸಾವಿರಕ್ಕೂ ಹೆಚ್ಚು ಸುತ್ತು ತಿರುಗುವ ಆ ಯಂತ್ರಕ್ಕೆ ಮರದ ಗರಗಸದಂತೆ ತಾನೇ ಮುಚ್ಚಿಕೊಳ್ಳುವ ಕವಚವಿಲ್ಲ. ಹಳಿಗೆ ಕೂರಿಸಿದರೂ ಅದು ಮರಕ್ಕೆ ತಕ್ಕ ಯಂತ್ರವಾಗದು.

2023ರ ಸೆಪ್ಟೆಂಬರ್ 17ರಂದು ಆರಂಭವಾದ ಪಿಎಂ ವಿಶ್ವಕರ್ಮ ಯೋಜನೆಯ 18 ಕಸುಬುಗಳಲ್ಲಿ ಬಡಗಿತನವೂ ಒಂದು. ಅದರಲ್ಲಿ ತರಬೇತಿಯ ಜೊತೆಗೆ ಉಪಕರಣಕ್ಕಾಗಿ 15 ಸಾವಿರ ರೂಪಾಯಿವರೆಗಿನ ನೆರವಿದೆ. ತರಬೇತಿಯ ಮೊದಲ ದಿನವೇ ಒಂದು ಹಳಿ, ಎರಡು ಕ್ಲಾಂಪ್, ಒಂದು ಪ್ಲೈ ಹಾಳೆ ಮುಂದಿಟ್ಟು ಈ ಬಿಗಿಯುವ ಕ್ರಮವನ್ನು ಮಾಡಿಸಿ ತೋರಿಸಬೇಕು. ಕಿಟ್ ಆರಿಸುವಾಗ ದೊಡ್ಡ ಯಂತ್ರದ ಪಕ್ಕದಲ್ಲಿ ಆ ಎರಡು ಕ್ಲಾಂಪ್‌ಗಳಿಗೂ ಜಾಗ ಸಿಗಬೇಕು.