ಸುರಬಾಯಾ ರಸ್ತೆಯಲ್ಲಿ ಪುತ್ತೂರಿನ ಬಸ್ಸು

ಪುತ್ತೂರಿನಿಂದ ಸುಳ್ಯಕ್ಕೆ ಹೊರಡುವ ಕೆಂಪು ಬಸ್ಸು ಕುಂಬ್ರ, ಜಾಲ್ಸೂರು ದಾಟಿ ಹೋಗುತ್ತದೆ. ಇದು ಈ ಕಡೆಯ ಅಜ್ಜ-ಅಜ್ಜಿಯರಿಗೆಲ್ಲ ಗೊತ್ತಿರುವ ವಿಷಯ. ಆದರೆ ಅಂಥದೇ ಕೆಂಪು ಬಸ್ಸು, ಹಣೆಯ ಮೇಲೆ ಕನ್ನಡದ ಬೋರ್ಡು ಹೊತ್ತುಕೊಂಡು, ಇಂಡೋನೇಷ್ಯಾದ ಸುರಬಾಯಾ ಪಟ್ಟಣದ ರಸ್ತೆಯಲ್ಲಿ ಓಡುತ್ತದೆ ಎಂದರೆ ನಂಬುತ್ತೀರಾ? ನಂಬಿಕೆ ಬಾರದಿದ್ದರೆ ಮೊಮ್ಮಕ್ಕಳು ಮೊಬೈಲ್ ಹಿಡಿದು ಕೂತಲ್ಲಿಗೆ ಹೋಗಿ, ಹೆಗಲ ಮೇಲಿಂದ ಒಮ್ಮೆ ಇಣುಕಿ ನೋಡಿ.

ಆ ಆಟದ ಹೆಸರು ‘ಬಸ್ ಸಿಮ್ಯುಲೇಟರ್ ಇಂಡೋನೇಷ್ಯಾ’. ಮಕ್ಕಳ ಬಾಯಲ್ಲಿ ‘ಬಸ್ಸಿಡ್’. ಮಾಲಿಯೊ ಎಂಬ ಇಂಡೋನೇಷ್ಯಾದ ಸಂಸ್ಥೆ 2017ರಲ್ಲಿ ಇದನ್ನು ಹೊರತಂದಿತು. ಅದಕ್ಕೆ ಸ್ವಲ್ಪ ಮೊದಲು, 2016ರ ಕೊನೆಯಲ್ಲಿ, ಆ ದೇಶದ ಮಕ್ಕಳು ರಸ್ತೆ ಬದಿಯಲ್ಲಿ ನಿಂತು ಬಸ್ಸಿನ ಚಾಲಕರಿಗೆ ‘ಓಂ ತೆಲೊಲೆತ್ ಓಂ’ ಎಂದು ಕೂಗುವುದು ಜಗತ್ತಿನಲ್ಲೆಲ್ಲ ಸುದ್ದಿಯಾಗಿತ್ತು. ‘ಮಾಮಾ, ಹಾರ್ನ್ ಹೊಡೀರಿ ಮಾಮಾ’ ಎಂದು ಅರ್ಥ. ನಮ್ಮ ಊರಿನ ಖಾಸಗಿ ಬಸ್ಸುಗಳ ಸಂಗೀತದ ಹಾರ್ನಿಗೆ ಕಾದು ನಿಂತ ಮಕ್ಕಳಿಗೆ ಇದನ್ನು ವಿವರಿಸಿ ಹೇಳಬೇಕಾಗಿಲ್ಲ. ಇಂಡೋನೇಷ್ಯಾದಲ್ಲೂ ವಾಹನಗಳು ಎಡಬದಿಯಲ್ಲೇ ಓಡುತ್ತವೆ, ಚಾಲಕ ಬಲಬದಿಯಲ್ಲೇ ಕೂರುತ್ತಾನೆ. ಹಾಗಾಗಿ ನಮ್ಮ ಬಸ್ಸು ಅಲ್ಲಿಗೆ ಹೋದರೂ ಪರದೇಶಿಯಂತೆ ಕಾಣುವುದಿಲ್ಲ.

ಆದರೆ ಆ ಸಂಸ್ಥೆ ಆಟದಲ್ಲಿ ಇಟ್ಟದ್ದು ಇಂಡೋನೇಷ್ಯಾದ ಬಸ್ಸುಗಳನ್ನು. ಕರ್ನಾಟಕದ ಕೆಂಪು ಬಸ್ಸು, ರಾಜಹಂಸ, ಐರಾವತ, 2023ರಲ್ಲಿ ರಸ್ತೆಗಿಳಿದ ಪಲ್ಲಕ್ಕಿ, 2024ರ ಅಶ್ವಮೇಧ ಇವೆಲ್ಲ ಅಲ್ಲಿಗೆ ಹೋದದ್ದು ಹೇಗೆ? ಆಟ ಆಡುವವರೇ ಕೂತು ಮಾಡಿ ಒಳಗೆ ಸೇರಿಸಿದರು. ಹೀಗೆ ಹೊರಗಿನಿಂದ ಮಾಡಿ ಸೇರಿಸುವ ಫೈಲಿಗೆ ‘ಮಾಡ್’ ಎಂದು ಹೆಸರು. ಮಾರ್ಪಾಡು ಎಂಬ ಅರ್ಥದ ಇಂಗ್ಲಿಷ್ ಪದದ ತುಂಡು ಅದು. ನಮ್ಮ ‘ಮಾಡು’ ಎಂಬ ಪದಕ್ಕೂ ಹತ್ತಿರವೇ ಇದೆ, ಅದು ಒಳ್ಳೆಯದೇ ಆಯಿತು.

ಚೌಕಿಗೆ ಹೋಗಿ ಬರೋಣ

ಇದು ಕೆಲಸ ಮಾಡುವ ಬಗೆಯನ್ನು ಅಜ್ಜನಿಗೆ ತಿಳಿಸಬೇಕಾದರೆ ಯಕ್ಷಗಾನದ ಚೌಕಿಗೆ ಕರೆದುಕೊಂಡು ಹೋಗಿ. ವೇಷಧಾರಿ ಒಬ್ಬನೇ. ನಿನ್ನೆ ದೇವೇಂದ್ರ, ಇಂದು ಕರ್ಣ. ಮುಖದ ಬಣ್ಣ ಬೇರೆ, ಕಿರೀಟ ಬೇರೆ. ಆದರೆ ಭಾಗವತರ ತಾಳ, ಚೆಂಡೆ, ಮದ್ದಳೆ, ರಂಗಸ್ಥಳ ಯಾವುದೂ ಬದಲಾಗಿಲ್ಲ. ಕಂಪ್ಯೂಟರ್ ಆಟವೂ ಹಾಗೆಯೇ. ಬಸ್ಸು ಎಷ್ಟು ವೇಗದಲ್ಲಿ ತಿರುಗಿದರೆ ಮಗುಚುತ್ತದೆ, ಮಳೆ ಬಂದರೆ ವೈಪರ್ ಹೇಗೆ ಓಡಬೇಕು ಎಂಬುದೆಲ್ಲ ಹಿಮ್ಮೇಳದ ಕೆಲಸ. ಅದನ್ನು ಯಾರೂ ಮುಟ್ಟುವುದಿಲ್ಲ. ಬಸ್ಸಿನ ಆಕಾರ, ಬಣ್ಣ, ಸದ್ದು ಮಾತ್ರ ಬೇರೆ ಬೇರೆ ಫೈಲುಗಳಲ್ಲಿ ಇರುತ್ತವೆ. ವೇಷದ ಪೆಟ್ಟಿಗೆಯಿಂದ ಒಂದು ಕಿರೀಟ ತೆಗೆದು ಇನ್ನೊಂದು ಇಟ್ಟ ಹಾಗೆ ಈ ಫೈಲುಗಳನ್ನು ಬದಲಾಯಿಸಬಹುದು.

ಬಣ್ಣ ಮಾತ್ರ ಬದಲಿಸುವುದಕ್ಕೆ ಮಕ್ಕಳು ‘ಲಿವರಿ’ ಎನ್ನುತ್ತಾರೆ. ಅದು ಬರೀ ಒಂದು ಚಿತ್ರ. ದರ್ಜಿ ಅಂಗಿ ಹೊಲಿಯುವ ಮೊದಲು ಬಟ್ಟೆಯನ್ನು ಕತ್ತರಿಸಿ ಮೇಜಿನ ಮೇಲೆ ಹರಡುತ್ತಾನಲ್ಲ, ಬೆನ್ನಿನ ತುಂಡು ಒಂದು ಕಡೆ, ತೋಳು ಒಂದು ಕಡೆ? ಬಸ್ಸಿನ ಮೈಯನ್ನೂ ಹಾಗೆ ಬಿಚ್ಚಿ ಹರಡಿರುತ್ತಾರೆ. ಎಡಮಗ್ಗುಲು, ಬಲಮಗ್ಗುಲು, ಮುಂಭಾಗ, ಹಿಂಭಾಗ. ಅದರ ಮೇಲೆ ಬಣ್ಣ ಹಚ್ಚಿ, ಹೆಸರು ಬರೆದು ಉಳಿಸಿದರೆ ಆಟವು ಅದನ್ನು ಮತ್ತೆ ‘ಹೊಲಿದು’ ಬಸ್ಸಿಗೆ ತೊಡಿಸುತ್ತದೆ. ಪೂರ್ತಿ ಹೊಸ ಬಸ್ಸು ಮಾಡುವುದು ಮಾತ್ರ ದೊಡ್ಡ ಕೆಲಸ. ಮೂರು ಆಯಾಮದ ಆಕೃತಿ ಕಟ್ಟಬೇಕು, ಬಾಗಿಲು, ಚಕ್ರ, ದೀಪ ಎಲ್ಲವನ್ನೂ ಅದರದರ ಜಾಗದಲ್ಲಿ ಕೂರಿಸಬೇಕು. ತಿಂಗಳುಗಟ್ಟಲೆ ಹಿಡಿದರೂ ಆಶ್ಚರ್ಯವಿಲ್ಲ.

ಲಿವರಿ ಮಾಡುವ ಮಕ್ಕಳು ಎಡವುವುದು ಸಾಮಾನ್ಯವಾಗಿ ಬಣ್ಣದಲ್ಲಿ ಅಲ್ಲ, ಬೋರ್ಡಿನಲ್ಲಿ. ಚಿತ್ರ ತಿದ್ದುವ ಕೆಲವು ಆ್ಯಪ್‌ಗಳಿಗೆ ಕನ್ನಡದ ಒತ್ತಕ್ಷರ ಜೋಡಿಸಲು ಬರುವುದಿಲ್ಲ. ‘ಪುತ್ತೂರು’ ಎಂದು ಬರೆದರೆ ‘ಪುತ್‌ತೂರು’ ಎಂದು ಒಡೆದು ಕೂರುತ್ತದೆ. ‘ಸುಳ್ಯ’ ‘ಸುಳ್‌ಯ’ ಆಗುತ್ತದೆ. ‘ಸುಬ್ರಹ್ಮಣ್ಯ’ದಲ್ಲಂತೂ ಮೂರು ಒತ್ತುಗಳು, ಮೂರೂ ಕೈಕೊಡಬಹುದು. ಮೂರು ತಾಲೂಕುಗಳ ಪೈಕಿ ಕಡಬದವರೇ ಪುಣ್ಯವಂತರು. ಅವರ ಊರಿನ ಹೆಸರಿನಲ್ಲಿ ಒತ್ತೂ ಇಲ್ಲ, ಕೊಂಬೂ ಇಲ್ಲ, ದೀರ್ಘವೂ ಇಲ್ಲ. ಒತ್ತಕ್ಷರ ಮುರಿದರೆ ಆ್ಯಪ್ ಬದಲಿಸಿ, ಇಲ್ಲವೇ ಬೇರೆ ಯೂನಿಕೋಡ್ ಅಕ್ಷರಶೈಲಿ ಹಾಕಿ ನೋಡಿ. ಅದೂ ಆಗದಿದ್ದರೆ ಅಜ್ಜಿಯ ಕೈಯಲ್ಲಿ ಬಿಳಿ ಹಾಳೆಯ ಮೇಲೆ ದೊಡ್ಡದಾಗಿ ಬರೆಸಿ, ಫೋಟೋ ತೆಗೆದು ಬೋರ್ಡಿನ ಜಾಗಕ್ಕೆ ಅಂಟಿಸಿ. ಅಚ್ಚಿನ ಅಕ್ಷರಕ್ಕಿಂತ ಅದೇ ಚಂದ ಎಂದು ನನ್ನ ಅಭಿಪ್ರಾಯ. ಹಳೆಯ ಬಸ್ಸಿನ ಬೋರ್ಡುಗಳನ್ನು ಬರೆಯುತ್ತಿದ್ದದ್ದೂ ಕುಂಚ ಹಿಡಿದ ಕೈಗಳೇ ಅಲ್ಲವೇ?

ಮುರಕಲ್ಲಿನ ಮನೆ

ಕಂಪ್ಯೂಟರ್ ಇರುವ ಮನೆಯ ಮಕ್ಕಳಿಗೆ ಇನ್ನೊಂದು ಸುಲಭದ ದಾರಿ ಇದೆ. ‘ಮೈನ್‌ಕ್ರಾಫ್ಟ್’ ಎಂಬ ಕಟ್ಟುವ ಆಟದಲ್ಲಿ ಪ್ರತಿಯೊಂದು ಇಟ್ಟಿಗೆಯ ಮೈಯೂ 16 ಚೌಕ ಅಗಲ, 16 ಚೌಕ ಎತ್ತರದ ಚಿತ್ರ. ಒಟ್ಟು 256 ಚೌಕಗಳು. ಗಣಿತದ ಚೌಕುಳಿ ಪುಸ್ತಕದಲ್ಲೇ ಮೊದಲು ಬಿಡಿಸಿ ನೋಡಬಹುದು. ಆಟದಲ್ಲಿರುವ ಇಟ್ಟಿಗೆ ಚಿತ್ರದ ಬದಲು ನಮ್ಮ ಮುರಕಲ್ಲನ್ನು ಬಿಡಿಸಿ. ಕೆಂಪು, ಅಲ್ಲಲ್ಲಿ ಹಳದಿ, ನಡುವೆ ಕಪ್ಪು ತೂತುಗಳು. ಅದನ್ನು ಇಟ್ಟಿಗೆ ಚಿತ್ರಕ್ಕಿದ್ದ ಹೆಸರಿನಲ್ಲೇ, ಅದು ಇದ್ದಂಥದೇ ಫೋಲ್ಡರ್‌ಗಳ ಸಾಲಿನೊಳಗೆ ಇಡಬೇಕು. ಜೊತೆಗೆ ‘ಇದು ಇಂಥ ಪ್ಯಾಕ್, ಇಂಥ ಆವೃತ್ತಿಗೆ’ ಎಂದು ಆಟಕ್ಕೆ ತಿಳಿಸುವ ಒಂದು ಸಣ್ಣ ಫೈಲು ಬೇಕು. ಎಲ್ಲವನ್ನೂ ಜಿಪ್ ಮಾಡಿ ಆಟದ ‘ರಿಸೋರ್ಸ್ ಪ್ಯಾಕ್ಸ್’ ಫೋಲ್ಡರ್‌ಗೆ ಹಾಕಿ, ಆಟದ ಆಯ್ಕೆಗಳಲ್ಲಿ ಅದನ್ನು ಆರಿಸಿದರೆ, ಆಟದೊಳಗಿನ ಇಟ್ಟಿಗೆ ಮನೆಗಳೆಲ್ಲ ಒಂದೇ ಕ್ಷಣದಲ್ಲಿ ಮುರಕಲ್ಲಿನ ಮನೆಗಳು. ಹೆಸರಿನಲ್ಲಿ ಒಂದು ಅಕ್ಷರ ತಪ್ಪಿದರೂ ಆಟ ಅದನ್ನು ಗುರುತಿಸುವುದಿಲ್ಲ. ಇದು ಕಂಪ್ಯೂಟರಿನ ‘ಜಾವಾ’ ಆವೃತ್ತಿಯ ಮಾತು, ಮೊಬೈಲಿನದ್ದಕ್ಕೆ ವಿಧಾನ ಬೇರೆ. ಅಂದ ಹಾಗೆ, ಈ ಆಟದ ಭಾಷೆಗಳ ಪಟ್ಟಿಯಲ್ಲಿ ಕನ್ನಡವೂ ಇದೆ. ಅನುವಾದ ಮಾಡುವವರು ಆಟದ ಮೇಲಿನ ಪ್ರೀತಿಯಿಂದ ದುಡಿಯುವ ಸ್ವಯಂಸೇವಕರು.

ಮಾಡ್‌ಗಳ ಕತೆ ಈಚಿನದಲ್ಲ. 1993ರಲ್ಲಿ ಬಂದ ‘ಡೂಮ್’ ಎಂಬ ಆಟವನ್ನು ಮಾಡಿದವರು ಚಿತ್ರ, ಸದ್ದು, ನಕ್ಷೆಗಳನ್ನು ಬೇರೆ ಫೈಲಿನಲ್ಲಿಟ್ಟು, ಬೇಕಾದವರು ಬದಲಿಸಿಕೊಳ್ಳಿ ಎಂದು ದಾರಿ ತೆರೆದರು. 1999ರಲ್ಲಿ ಮಿನ್ ಲೀ ಮತ್ತು ಜೆಸ್ ಕ್ಲಿಫ್ ಎಂಬ ಇಬ್ಬರು ತರುಣರು ‘ಹಾಫ್ ಲೈಫ್’ ಆಟಕ್ಕೆ ಮಾಡಿದ ಮಾಡ್ ಮುಂದೆ ‘ಕೌಂಟರ್ ಸ್ಟ್ರೈಕ್’ ಎಂಬ ಸ್ವತಂತ್ರ ಆಟವೇ ಆಯಿತು. ಹಾಗೆ ನೋಡಿದರೆ ನಮ್ಮ ಚೆನ್ನೆಮಣೆಯೂ ಬೇರೆ ಕತೆಯಲ್ಲ. ಮಣೆ ಒಂದೇ, ಸಾಲಿಗೆ ಏಳರಂತೆ 14 ಗುಳಿ, ಮಂಜೊಟ್ಟಿ ಕಾಯಿ ಇಲ್ಲವೇ ಹುಣಸೆ ಬೀಜ. ಆದರೆ ಆಟಿ ತಿಂಗಳ ಮಳೆಯಲ್ಲಿ ಕೂತ ನಮ್ಮ ಹಿರಿಯರು ಅದೇ ಮಣೆಯ ಮೇಲೆ ಎಷ್ಟೊಂದು ಬಗೆಯ ಆಟ ಕಟ್ಟಿದರು! ಜೊತೆಗಾರರಿಲ್ಲದಿದ್ದರೆ ಒಬ್ಬರೇ ಆಡುವ ಸೀತೆಯಾಟವೂ ಉಂಟು.

ಫೈಲು ಹಾಕುವ ಮೊದಲು

ಬಸ್ಸಿಡ್‌ನಲ್ಲಿ ಹೊರಗಿನ ಬಸ್ಸನ್ನು ತರುವ ಸಾಮಾನ್ಯ ಕ್ರಮ ಹೀಗೆ. ಫೈಲನ್ನು ಇಳಿಸಿಕೊಳ್ಳಬೇಕು. ಜಿಪ್ ಆಗಿದ್ದರೆ ಬಿಚ್ಚಬೇಕು. ಫೋನಿನಲ್ಲಿ ಬಸ್ಸಿಡ್ ಫೋಲ್ಡರ್, ಅದರೊಳಗಿನ ಮಾಡ್ಸ್ ಫೋಲ್ಡರ್, ಅಲ್ಲಿ ಇಡಬೇಕು. ಆಮೇಲೆ ಆಟ ತೆರೆದು ಗ್ಯಾರೇಜಿನಲ್ಲಿ ಹುಡುಕಬೇಕು. ಆಂಡ್ರಾಯ್ಡ್ ಮತ್ತು ಆಟದ ಆವೃತ್ತಿ ಬದಲಾದಂತೆ ಈ ಜಾಗ ಬದಲಾಗುವುದುಂಟು, ಆದ್ದರಿಂದ ಮಾಡ್ ಮಾಡಿದವರು ಬರೆದ ಸೂಚನೆ ಓದಿ. ಕಂಪ್ಯೂಟರಿನ ‘ಯೂರೋ ಟ್ರಕ್ ಸಿಮ್ಯುಲೇಟರ್ 2’ಕ್ಕೂ ಹೀಗೆಯೇ ಒಂದು ಮಾಡ್ ಫೋಲ್ಡರ್ ಇದೆ. ಹತ್ತು ಫೈಲನ್ನು ಒಟ್ಟಿಗೆ ಸುರಿಯಬೇಡಿ. ಒಂದು ಹಾಕಿ, ಆಟ ತೆರೆಯುತ್ತದೋ ನೋಡಿ, ಮತ್ತೆ ಇನ್ನೊಂದು. ಆಟ ನಿಂತರೆ ಕೊನೆಗೆ ಹಾಕಿದ್ದನ್ನು ತೆಗೆಯಿರಿ.

ಇನ್ನು ಅಜ್ಜ-ಅಜ್ಜಿಯಂದಿರು ಕನ್ನಡಕ ಹಾಕಿಕೊಂಡು ಓದಬೇಕಾದ ಭಾಗ. ಹೆಚ್ಚಿನ ಮನೆಗಳಲ್ಲಿ ಮಕ್ಕಳು ಆಡುವುದು ಅವರದೇ ಫೋನಿನಲ್ಲಿ ಅಲ್ಲ. ನಿಮ್ಮ ಫೋನಿನಲ್ಲಿ. ಪಿಂಚಣಿ ಜಮೆಯಾದ ಸಂದೇಶ ಬರುವುದೂ, ಅಡಿಕೆ ಮಾರಿದ ದುಡ್ಡಿನ ಖಾತೆ ಇರುವುದೂ ಅದೇ ಫೋನಿನಲ್ಲಿ. ಬಸ್ಸಿನ ಮಾಡ್ ಎಂದರೆ ಆಟದೊಳಗೆ ಹೋಗಿ ಕೂರುವ ಫೈಲು. ಆದರೆ ‘ಮಾಡ್ ಎಪಿಕೆ’ ಎಂಬ ಇನ್ನೊಂದು ಸಾಮಾನು ಉಂಟು, ಹೆಸರು ಕೇಳಿ ಮೋಸ ಹೋಗಬಾರದು. ‘ಎಲ್ಲ ಬಸ್ಸು ಉಚಿತ, ಎಷ್ಟು ಬೇಕಾದರೂ ದುಡ್ಡು’ ಎಂದು ಆಸೆ ತೋರಿಸುವ ಅದು, ಯಾರೋ ತಿದ್ದಿದ ಪೂರ್ತಿ ಆಟ. ಆಟದ ಜೊತೆ ಇನ್ನೇನನ್ನು ತುಂಬಿದ್ದಾರೆ ಎಂದು ಹೊರಗಿನಿಂದ ತಿಳಿಯುವುದಿಲ್ಲ. ವೇಷ ಬದಲಿಸುವುದು ಒಂದು, ಮೇಳದ ಹೆಸರಿನಲ್ಲಿ ಅಪರಿಚಿತರನ್ನು ಮನೆಯೊಳಗೆ ಮಲಗಿಸುವುದು ಇನ್ನೊಂದು.

ಗುರುತು ಹಿಡಿಯುವುದು ಕಷ್ಟವಲ್ಲ. ಬಸ್ಸಿನ ಫೈಲು ಎಂದು ಹೇಳಿ ಇಳಿಸಿದ್ದರ ಹೆಸರಿನ ಕೊನೆಯಲ್ಲಿ ‘ಎಪಿಕೆ’ ಇದ್ದರೆ, ಕಂಪ್ಯೂಟರಿನಲ್ಲಾದರೆ ‘ಇಎಕ್ಸ್‌ಇ’ ಇದ್ದರೆ, ತೆರೆಯದೆ ಅಳಿಸಿ. ‘ಪ್ಲೇ ಪ್ರೊಟೆಕ್ಟ್ ಆಫ್ ಮಾಡಿ’ ಎಂದು ಯಾರಾದರೂ ಹೇಳಿದರೆ ಅಲ್ಲಿಗೇ ನಿಲ್ಲಿಸಿ. ಬಸ್ಸು ಓಡಿಸುವ ಆಟಕ್ಕೆ ನಿಮ್ಮ ಎಸ್‌ಎಂಎಸ್ ಓದುವ ಅನುಮತಿ ಯಾಕೆ? ಓಟಿಪಿ ಬರುವುದು ಅಲ್ಲಿಗೇ ಎಂಬುದನ್ನು ಮರೆಯಬೇಡಿ. ಏನಾದರೂ ಎಡವಟ್ಟಾಗಿ ಖಾತೆಯಿಂದ ಹಣ ಹೋದರೆ ಕೂಡಲೇ 1930ಕ್ಕೆ ಕರೆ ಮಾಡಬೇಕು, ಬ್ಯಾಂಕಿಗೂ ತಿಳಿಸಬೇಕು. ಮಕ್ಕಳೇ, ಹಾಗೇನಾದರೂ ಆದರೆ ಹೆದರಿ ಮುಚ್ಚಿಡಬೇಡಿ, ಆ ಗಳಿಗೆಯಲ್ಲೇ ಮನೆಯವರಿಗೆ ಹೇಳಿ. ಅಜ್ಜಂದಿರೇ, ಮಗು ಹಾಗೆ ಬಂದು ಹೇಳಿದಾಗ ಮೊದಲು ಫೋನ್ ಮಾಡಿ, ಬೈಯುವುದಿದ್ದರೆ ಆಮೇಲೆ.

ಮಾಡ್ ಮಾಡಿದವರ ಹೆಸರಿನ ವಿಷಯವೂ ಒಂದಿದೆ. ಬಸ್ಸಿನ ಗಾಜಿನ ಮೂಲೆಯಲ್ಲೋ ಹಿಂಬದಿಯಲ್ಲೋ ಅವರು ಸಣ್ಣದಾಗಿ ತಮ್ಮ ಹೆಸರು ಬರೆದಿರುತ್ತಾರೆ. ಅದನ್ನು ಅಳಿಸಿ ತಮ್ಮ ಹೆಸರು ಹಾಕಿ ಹಂಚುವ ಕೆಟ್ಟ ಚಾಳಿ ಕೆಲವರಿಗಿದೆ. ತಿಂಗಳುಗಟ್ಟಲೆ ಕೂತು ಮಾಡಿ ಉಚಿತವಾಗಿ ಕೊಟ್ಟವನಿಗೆ ಸಿಗುವ ಸಂಬಳ ಆ ಹೆಸರೊಂದೇ.

ಯಾರೂ ಮಾಡದ ಬಸ್ಸು

ಕೆಂಪು ಬಸ್ಸಿನ ಮಾಡ್‌ಗಳು ಬೇಕಾದಷ್ಟಿವೆ. ಆದರೆ ಶಂಕರ್ ವಿಠಲ್, ಸಿಪಿಸಿ, ಹನುಮಾನ್ ಎಂದು ಈ ಜಿಲ್ಲೆಯ ಹಿರಿಯರು ಈಗಲೂ ಹೆಸರು ಹಿಡಿದು ನೆನೆಯುವ ಬಸ್ಸುಗಳ ಮಾಡ್ ನನ್ನ ಕಣ್ಣಿಗೆ ಬಿದ್ದಿಲ್ಲ. ಎರಡನೇ ಮಹಾಯುದ್ಧದ ಕಾಲದಲ್ಲಿ ಪೆಟ್ರೋಲು ಸಿಗದೆ ಬಸ್ಸುಗಳು ಇದ್ದಿಲಿನ ಗ್ಯಾಸಿನಿಂದ ಓಡಿದವು. ಬಸ್ಸಿಗೇ ಒಲೆ ಕಟ್ಟಿಕೊಂಡು ಹೋಗುವ ಆ ಗಾಡಿಯನ್ನು ಕಂಡವರು ಈಗ ವಿರಳ. ಅವರ ಬಾಯಿಂದ ಕೇಳಿದವರು ಇನ್ನೂ ಮನೆಮನೆಯಲ್ಲಿದ್ದಾರೆ. ಬಸ್ಸಿನ ಬಣ್ಣ ಯಾವುದು, ಸರಕು ಏರಿಸುವ ಏಣಿ ಹಿಂದೆಯೋ ಪಕ್ಕದಲ್ಲೋ, ಹಾರ್ನು ರಬ್ಬರಿನ ಚೆಂಡಿನದ್ದೋ, ಕಿಟಕಿಗೆ ಗಾಜೋ ಟರ್ಪಾಲಿನ ಪರದೆಯೋ, ಇದನ್ನೆಲ್ಲ ಹೇಳಬಲ್ಲವರು ಅವರೊಬ್ಬರೇ. ಲಿವರಿ ಮಾಡಲು ಬರುವ ಮಗು ಕೇಳಬೇಕಾದದ್ದೂ ಅವರನ್ನೇ, ಅದೂ ಬೇಗ.

ಆಟದ ರಸ್ತೆಗಳಲ್ಲಿ ಇಲ್ಲದ್ದು ಇನ್ನೂ ಇದೆ. ಕಡಬದ ಹತ್ತಿರದ ಹೊಸಮಠದ ಹಳೆಯ ಮುಳುಗು ಸೇತುವೆಯ ಮೇಲೆ ಮಳೆಗಾಲದಲ್ಲಿ ಹೊಳೆ ಹರಿಯುತ್ತಿತ್ತು. ನೀರು ಇಳಿಯುವವರೆಗೆ ಈಚೆ ದಡದಲ್ಲಿ ಬಸ್ಸು, ಆಚೆ ದಡದಲ್ಲಿ ಬಸ್ಸು. ಈಗ ಅಲ್ಲಿ ಎತ್ತರದ ಹೊಸ ಸೇತುವೆ ಬಂದಿದೆ, ಕಾಯುವ ಕೆಲಸ ಇಲ್ಲ. ಬಸ್ಸಿನೊಳಗೆ ಕೂತು ಹೊಳೆ ನೋಡಿದ ಆ ಗಂಟೆಗಳನ್ನು ಯಾವ ಆಟದಲ್ಲೂ ಇನ್ನೂ ಕಂಡಿಲ್ಲ.

ಈ ಭಾನುವಾರ ಶುರು ಮಾಡುವವರು ಪುತ್ತೂರು–ಸುಬ್ರಹ್ಮಣ್ಯ ಬೋರ್ಡಿನಿಂದಲೇ ಶುರು ಮಾಡಿ. ಆದರೆ ಬರೆದು ಮುಗಿಸುವ ಮೊದಲು ಅಜ್ಜಿಯನ್ನು ಒಂದು ಮಾತು ಕೇಳಿಕೊಳ್ಳಿ. ಕೆಳಗೆ ಸಣ್ಣ ಅಕ್ಷರದಲ್ಲಿ ‘ವಯಾ ಕಾಣಿಯೂರು’ ಎಂದು ಹಾಕುವುದೋ, ‘ವಯಾ ಉಪ್ಪಿನಂಗಡಿ, ಕಡಬ’ ಎಂದೋ? ಅವರು ಹತ್ತುವ ಬಸ್ಸು ಯಾವುದು ಎಂಬುದು ಅದರ ಮೇಲೆ ನಿಂತಿದೆ.