ಹಸಿರು ಹಾವು ಕಣ್ಣು ಕುಕ್ಕುತ್ತದೆಯೇ?

ಕಳೆದ ಮಳೆಗಾಲದ ಒಂದು ಬೆಳಗ್ಗೆ ಠಾಣೆಯ ನಮ್ಮ ಸೊಸೈಟಿಯಲ್ಲಿ ದಾಸವಾಳದ ಬೇಲಿ ಸವರುತ್ತಿದ್ದ ಮಾಲಿ "ಹರಣಟೋಳ!" ಎಂದು ಕಿರುಚಿಕೊಂಡ. ನಾನು ಕೆಳಗೆ ಓಡಿ ಬರುವಷ್ಟರಲ್ಲಿ ವಾಚ್‌ಮನ್ ಅವನ ಮಣಿಕಟ್ಟಿಗೆ ನೈಲಾನ್ ಹಗ್ಗ ಬಿಗಿದಾಗಿತ್ತು. ಬೆರಳಿನ ಮೇಲೆ ಎರಡು ಹನಿ ರಕ್ತ. ಮಾಲಿಯ ಮುಖ ಬಿಳಿಚಿಕೊಂಡಿತ್ತು. ಇನ್ನೊಬ್ಬರು ಕೋಲು ತಂದು ನಿಂತಿದ್ದರು.

ಕೊಂಬೆಯ ಮೇಲೆ ಬಳ್ಳಿಯಂತೆ ತೆಳ್ಳಗೆ ಚಾಚಿಕೊಂಡಿದ್ದ ಆ ಹಾವನ್ನು ನೋಡಿದೊಡನೆ ಶಿರಸಿಯ ಅಜ್ಜಿ ನೆನಪಾದಳು. "ಮ್ಯಾಲೆ ನೋಡಡ ತಮಾ, ಹಸ್ರು ಹಾವು ಕಣ್ಣು ಕುಕ್ತು" ಎನ್ನುತ್ತಿದ್ದಳು. ಆ ಮಾತು ನಂಬಿ ಹತ್ತನೇ ವಯಸ್ಸಿನಲ್ಲಿ ನಾನೂ ಒಂದನ್ನು ಕಲ್ಲು ಹೊಡೆದು ಕೊಂದಿದ್ದೆ.

ಈ ಭಯ ನಮ್ಮೂರಿನದಷ್ಟೇ ಅಲ್ಲ. ತಮಿಳರು ಇದನ್ನು 'ಕಣ್ಣುಕೊತ್ತಿ ಪಾಂಬು' ಎನ್ನುತ್ತಾರೆ. ಈ ಕುಲಕ್ಕೆ ವಿಜ್ಞಾನಿಗಳು ಇಟ್ಟ 'ಅಹೇಟುಲ್ಲ' ಎಂಬ ಹೆಸರು ಬಂದದ್ದು ಸಿಂಹಳದಿಂದ. ಅದರರ್ಥವೂ ಕಣ್ಣು ಕೀಳುವುದು ಎಂದೇ. ಪಾಪದ ಹಾವು ಓತಿಕ್ಯಾತ, ಹಲ್ಲಿ, ಕಪ್ಪೆಗಳಿಗಾಗಿ ಪೊದೆಯಲ್ಲಿ ಕಾಯುತ್ತಿರುತ್ತದೆ. ಪೊದೆ ನಮ್ಮ ಮುಖದ ಎತ್ತರಕ್ಕಿದ್ದು, ಹೆದರಿದ ಹಾವು ಬಾಯಿ ತೆರೆದು ಮುನ್ನುಗ್ಗಿದರೆ ಕಣ್ಣಿಗೇ ಬಂತು ಅನ್ನಿಸುವುದು ಸಹಜ.

ಹಾಗಂತ ಅದಕ್ಕೆ ವಿಷವೇ ಇಲ್ಲ ಎನ್ನುವುದೂ ತಪ್ಪು. ನಾಗರಹಾವಿಗೆ ಬಾಯಿಯ ಮುಂಭಾಗದಲ್ಲಿ ಸೂಜಿಯಂಥ ಟೊಳ್ಳು ಹಲ್ಲುಗಳಿವೆ. ಹಸಿರು ಹಾವಿನ ವಿಷದ ಹಲ್ಲುಗಳಿರುವುದು ಮೇಲ್ದವಡೆಯ ಹಿಂಭಾಗದಲ್ಲಿ, ಅದೂ ಬರೀ ತೋಡಿನಂತೆ. ಕಚ್ಚಿ ಹಿಡಿದು ಅಗಿದಾಗ ವಿಷ ಆ ತೋಡಿನಲ್ಲಿ ಇಳಿಯುತ್ತದೆ. ಹಲ್ಲಿಯನ್ನು ಸುಮ್ಮನಾಗಿಸಲು ಅಷ್ಟು ಸಾಕು. ಮನುಷ್ಯರಿಗೆ ಸಾಮಾನ್ಯವಾಗಿ ಆಗುವುದು ನೋವು, ಬಾವು, ಒಂದಿಷ್ಟು ಜೋಮು. ಕೆಲವು ದಿನಗಳಲ್ಲಿ ಇಳಿಯುತ್ತದೆ.

ಆದರೆ ಎರಡು ಎಚ್ಚರಿಕೆ. ಸಹ್ಯಾದ್ರಿಯಲ್ಲಿ ಹಸಿರಾಗಿರುವ ಇನ್ನೊಂದು ಹಾವಿದೆ, ಬಿದಿರು ಮಂಡಲ. ಅದರದು ದಪ್ಪ ಮೈ, ತ್ರಿಕೋನದ ತಲೆ, ಕಣ್ಣಿನ ಪಾಪೆ ನೆಟ್ಟಗಿನ ಸೀಳು. ಹಸಿರು ಹಾವಿನದು ಚೂಪು ಮೂತಿ, ಅಡ್ಡ ಸೀಳಿನ ಪಾಪೆ. ಬಿದಿರು ಮಂಡಲದ ಕಡಿತ ಹೆಚ್ಚು ಕಷ್ಟದ್ದು. ನಮ್ಮಲ್ಲಿ ಸಿಗುವ ಪ್ರತಿವಿಷ ತಯಾರಾಗುವುದು ನಾಗರ, ಕಟ್ಟುಹಾವು, ಕೊಳಕುಮಂಡಲ, ಗರಗಸ ಮಂಡಲ ಈ ನಾಲ್ಕರ ವಿಷದಿಂದ. ಅದರಲ್ಲಿ ಬಿದಿರು ಮಂಡಲ ಇಲ್ಲ. ಎರಡನೆಯದು, ಆಫ್ರಿಕದಲ್ಲೂ 'ಬಳ್ಳಿ ಹಾವು' ಎನಿಸಿಕೊಳ್ಳುವ ಬೇರೊಂದು ಕುಲವಿದೆ. ಅದರ ಹಲ್ಲೂ ಹಿಂದೆಯೇ, ಆದರೆ ವಿಷ ರಕ್ತ ಹೆಪ್ಪುಗಟ್ಟುವುದನ್ನೇ ಕೆಡಿಸುತ್ತದೆ. ಹಾವುಗಳನ್ನೇ ಓದಿ ಬದುಕಿದ್ದ ಜರ್ಮನ್ ವಿಜ್ಞಾನಿ ರಾಬರ್ಟ್ ಮೆರ್ಟೆನ್ಸ್ 1975ರಲ್ಲಿ ತೀರಿಕೊಂಡದ್ದು ಅದರ ಕಡಿತದಿಂದ. ಹೆಸರು ಒಂದೇ ಅಂತ ಧೈರ್ಯ ಮಾಡುವಂತಿಲ್ಲ.

ಅಂದು ಹಾವಿನ ಗುರುತು ನನಗೆ ಸ್ಪಷ್ಟವಿತ್ತು. ಆದರೂ "ಏನಾಗಲ್ಲ ಬಿಡು" ಎನ್ನಲಿಲ್ಲ. ಹಗ್ಗ ಬಿಚ್ಚಿಸಿದೆ, ಉಂಗುರ ತೆಗೆಸಿದೆ, ದೂರದಿಂದಲೇ ಹಾವಿನ ಫೋಟೊ ತೆಗೆದು ಮಾಲಿಯನ್ನು ರಿಕ್ಷಾದಲ್ಲಿ ಆಸ್ಪತ್ರೆಗೆ ಕರೆದೊಯ್ದೆ. ಡಾಕ್ಟರು ಫೋಟೊ ನೋಡಿ, ಗಾಯ ತೊಳೆದು, ಟೆಟನಸ್ ಇಂಜೆಕ್ಷನ್ ಕೊಟ್ಟು, ಸಂಜೆಯವರೆಗೆ ಇಟ್ಟುಕೊಂಡು ಕಳಿಸಿದರು.

ವಾಪಸು ಬಂದಾಗ ಕೋಲು ಹಿಡಿದವರು ಇನ್ನೂ ಗೇಟಿನಲ್ಲೇ ಇದ್ದರು. ಹಾವು ಮಾತ್ರ ಇರಲಿಲ್ಲ. "ಓಡಿಹೋಯಿತು ಸಾಹೇಬ್, ಹೊಡೆಯಲಿಲ್ಲ" ಎಂದರು. ನಂಬಿದೆ.

ಮಾಲಿಯ ಬೆರಳಿನ ಬಾವು ಎರಡು ದಿನದಲ್ಲಿ ಇಳಿಯಿತು. ಮಣಿಕಟ್ಟಿನ ಮೇಲೆ ಹಗ್ಗದ ಬರೆ ಮಾಸಲು ವಾರ ಹಿಡಿಯಿತು.