ಮನೆ ಮುರಿಯುವ ಕಥೆಗೆ ಎಲ್ಲರ ದನಿಯೂ ಬೇಕು

ಕೊಪ್ಪಳ ತಾಲ್ಲೂಕು ಮೋರನಾಳದ ತೊಗಲುಗೊಂಬೆ ಕಲಾವಿದೆ ಭೀಮವ್ವ ದೊಡ್ಡಬಾಳಪ್ಪ ಶಿಳ್ಳೇಕ್ಯಾತರ ಅವರಿಗೆ 2025ರಲ್ಲಿ ಪದ್ಮಶ್ರೀ ಬಂತು. ರಾಮಾಯಣ, ಮಹಾಭಾರತಗಳನ್ನು ಆಡಿಸುತ್ತಲೇ ಅವರು ಬಾಳಿದರು. ಎರಡೂ ಮನೆ ಮುರಿದ ಕಥೆಗಳೇ. ಒಂದರಲ್ಲಿ ಮಲತಾಯಿಯ ಹಟ, ಇನ್ನೊಂದರಲ್ಲಿ ದಾಯಾದಿಗಳ ಪಾಲಿನ ಜಗಳ. ಪರದೆಯ ಹಿಂದೆ ಕೂತವರು ದ್ರೌಪದಿಯ ಅಳಲಿಗೂ ದುರ್ಯೋಧನನ ಛಲಕ್ಕೂ ಸಮನಾಗಿ ದನಿ ಕೊಡಬೇಕು. ದುರ್ಯೋಧನನ ಮಾತು ಸಪ್ಪೆಯಾದರೆ ಆಟವೇ ಸಪ್ಪೆ. ಸಂಸಾರದ ಕಥೆ ಬರೆಯುವವರು ಮೊದಲು ಕಲಿಯಬೇಕಾದ ಪಾಠ ಇದೇ.

ಎಸ್.ಎಲ್. ಭೈರಪ್ಪನವರ ‘ಗೃಹಭಂಗ’ (1970) ಈ ಪಾಠಕ್ಕೆ ಒಳ್ಳೆಯ ನಿದರ್ಶನ. ಅತ್ತೆ ಗಂಗಮ್ಮನ ನಾಲಿಗೆ ಕತ್ತಿಯಷ್ಟು ಹರಿತ. ಗಂಡ ಸತ್ತ ಮೇಲೆ ಎರಡು ಗಂಡುಮಕ್ಕಳನ್ನು ಕಟ್ಟಿಕೊಂಡು ಊರನ್ನು ಎದುರಿಸಿದವಳೂ ಅವಳೇ. ಸೊಸೆ ನಂಜಮ್ಮ ಗಂಡನ ಶಾನುಭೋಗಿಕೆಯ ಲೆಕ್ಕವನ್ನು ತಾನೇ ಬರೆದು ಸಂಸಾರ ನಡೆಸುತ್ತಾಳೆ. ವಿವೇಕ ಶಾನಭಾಗರ ‘ಘಾಚರ್ ಘೋಚರ್’ನಲ್ಲಿ ಚಿಕ್ಕಪ್ಪನನ್ನು ಹುಡುಕಿಕೊಂಡು ಬಂದ ಹೆಂಗಸನ್ನು ಮನೆಯ ಹೆಂಗಸರು ಬೈದು ಅಟ್ಟುತ್ತಾರೆ. ನಿರೂಪಕ ಸುಮ್ಮನೆ ನಿಂತು ನೋಡುತ್ತಾನೆ. ಚಿಕ್ಕಪ್ಪನ ದುಡಿಮೆಯಲ್ಲೇ ಇಡೀ ಮನೆ ಉಣ್ಣುತ್ತಿದೆ. ಅನ್ನದ ಋಣ ಬಾಯಿ ಕಟ್ಟುವುದು ಹೀಗೆ.

ನಮ್ಮ ಕೊಪ್ಪಳ ಜಿಲ್ಲೆಯಲ್ಲಿ ಇಂಥ ಕಥೆಗಳಿಗೆ ಬರವಿಲ್ಲ. 1953ರಲ್ಲಿ ತುಂಗಭದ್ರಾ ಅಣೆಕಟ್ಟು ನಿಂತ ಮೇಲೆ ಎಡದಂಡೆ ಕಾಲುವೆ ಮುನಿರಾಬಾದಿನಿಂದ ಗಂಗಾವತಿಯತ್ತ ಹರಿಯಿತು. ಅಲ್ಲಿ ಭತ್ತ, ರೈಸ್ ಮಿಲ್ಲು, ಕ್ಯಾಂಪುಗಳು ಬೆಳೆದವು. ಕುಷ್ಟಗಿ, ಯಲಬುರ್ಗಾದ ಒಕ್ಕಲುಗಳು ಮುಗಿಲು ನೋಡುತ್ತ ಉಳಿದವು. ಮಳೆ ಕೈಕೊಟ್ಟ ವರ್ಷ ಮುದುಕರನ್ನೂ ಮಕ್ಕಳನ್ನೂ ಮನೆಯಲ್ಲಿ ಬಿಟ್ಟು ಮಂಗಳೂರಿಗೋ ಬೆಂಗಳೂರಿಗೋ ಗುಳೆ ಹೋದರು. ಒಬ್ಬ ತಾಯಿಯ ಇಬ್ಬರು ಹೆಣ್ಣುಮಕ್ಕಳಲ್ಲಿ ಒಬ್ಬಳನ್ನು ಕಾಲುವೆ ಸೀಮೆಗೆ, ಇನ್ನೊಬ್ಬಳನ್ನು ಒಣಬೇಸಾಯದ ಮನೆಗೆ ಕೊಟ್ಟರೆ ಸಾಕು, ಒಂದು ಕಾದಂಬರಿಗೆ ಬೇಕಾದ ಬೇಗುದಿಯೆಲ್ಲ ಅಲ್ಲಿದೆ.

ಪಂಚಮಿಗೆ ತವರಿಗೆ ಬಂದ ತಂಗಿಯನ್ನು ನೆನೆಯಿರಿ. ಉಂಡಿ ತಿಂದು, ಜೋಕಾಲಿ ಆಡಿ ಮುಗಿದ ಮೇಲೆ ಅಣ್ಣ ಒಂದು ಸೀರೆಯ ಜೊತೆಗೆ ಹಕ್ಕು ಬಿಡುಗಡೆ ಪತ್ರವನ್ನೂ ಮುಂದಿಡುತ್ತಾನೆ. ಪಿತ್ರಾರ್ಜಿತ ಆಸ್ತಿಯಲ್ಲಿ ಹೆಣ್ಣುಮಕ್ಕಳಿಗೆ ಸಮಪಾಲು ಕರ್ನಾಟಕದಲ್ಲಿ 1994ರಲ್ಲಿ, ಇಡೀ ದೇಶಕ್ಕೆ 2005ರಲ್ಲಿ ಬಂತು. ಕಾನೂನು ಅವಳ ಪರವಾಗಿದೆ. ಸಹಿ ಹಾಕದಿದ್ದರೆ ತವರಿನ ಬಾಗಿಲು ಮುಚ್ಚೀತೆಂಬ ಅಂಜಿಕೆ ಅವಳದು. ಅಣ್ಣನ ತಲೆಯ ಮೇಲೆ ಅವಳ ಮದುವೆಗೆ ಮಾಡಿದ ಸಾಲವೇ ಇನ್ನೂ ಇದೆ. ಅವ್ವ ಒಲೆಯ ಮುಂದಿಂದ ಏಳುವುದೇ ಇಲ್ಲ. ಈ ಮೂವರಲ್ಲಿ ಒಬ್ಬರನ್ನು ದುಷ್ಟರನ್ನಾಗಿಸಿದರೆ ಕಥೆ ಧಾರಾವಾಹಿಯ ಮಟ್ಟಕ್ಕೆ ಇಳಿಯುತ್ತದೆ.

ಈ ಭಾಗದ ಎಳೆಯ ಕಥೆಗಾರರಲ್ಲಿ ಒಂದು ಬಿನ್ನಹ. ಪಹಣಿ, ಸಾಲದ ಚೀಟಿ, ಗುಳೆ ಹೋದವರ ಫೋನ್ ಕರೆಗಳನ್ನೆಲ್ಲ ನಿಮ್ಮ ಕಥೆಯೊಳಗೆ ತನ್ನಿ. ನಿಮಗೆ ಯಾರ ಮೇಲೆ ಹೆಚ್ಚು ಸಿಟ್ಟಿದೆಯೋ ಅವರ ಬಾಯಿಂದಲೇ ಮೊದಲ ಪುಟ ಬರೆಯಿರಿ.